ಅವನು ಯಾಕೆ ಹೀರೋ ಆಗಲಿಲ್ಲ ಅಂತ ಕೇಳುವವರಿಗೆ

ಹಳೇ ಮೂಕಿ ಸಿನಿಮಾ ನೋಡುವ ಹುಚ್ಚು ನನಗೆ. ಮನೆಗೆ ಬಂದವರಿಗೂ ತೋರಿಸುತ್ತೇನೆ. ಅದರಲ್ಲೂ ಅಮೆರಿಕದ ಹಾಸ್ಯನಟ ಆಲ್ ಸೇಂಟ್ ಜಾನ್ ಇರುವ ಸಿನಿಮಾಗಳೇ ಜಾಸ್ತಿ. ಸಣಕಲು ಮೈ, ಉದ್ದುದ್ದ ಕಾಲು. ಹಾರುತ್ತಾನೆ, ಬೀಳುತ್ತಾನೆ, ಎದ್ದು ಮತ್ತೆ ಬೀಳುತ್ತಾನೆ. ನೋಡಿದವರು ಹೊಟ್ಟೆ ಹಿಡಿದುಕೊಂಡು ನಗುತ್ತಾರೆ. ಮುಗಿದ ಮೇಲೆ ಕಣ್ಣೊರೆಸಿಕೊಂಡು ಎಲ್ಲರದೂ ಅದೇ ಪ್ರಶ್ನೆ: "ಇಷ್ಟೆಲ್ಲ ಮಾಡ್ತಾನಲ್ಲ, ಮತ್ಯಾಕೆ ಇವನು ಹೀರೋ ಆಗಲಿಲ್ಲ?"

ಬಾಯಲ್ಲಿ ಹೇಳಿ ಹೇಳಿ ಸಾಕಾಗಿದೆ. ಇನ್ನು ಮೇಲೆ ಕೇಳಿದವರಿಗೆ ಇದನ್ನೇ ಕಳಿಸುತ್ತೇನೆ.

ಆಗಿದ್ದ ಕಣ್ರೀ. 1920ರ ದಶಕದಲ್ಲಿ ಫಾಕ್ಸ್ ಕಂಪನಿ ಇವನನ್ನೇ ಮುಖ್ಯ ನಟನಾಗಿ ಹಾಕಿಕೊಂಡು ಸಾಲು ಸಾಲಾಗಿ ಚಿಕ್ಕ ಹಾಸ್ಯಚಿತ್ರಗಳನ್ನು ತೆಗೆಯಿತು. ಕೆಲವನ್ನು ನಿರ್ದೇಶಿಸಿದವನೂ ಇವನೇ. ಅಂದಮೇಲೆ ಅರ್ಧ ಪ್ರಶ್ನೆ ಅಲ್ಲೇ ಮುಗಿಯಿತು. ಉಳಿದರ್ಧ ಇದೆಯಲ್ಲ, ಅದನ್ನು ಕೇಳುವ ಧಾಟಿಯೇ ನನಗೆ ಹಿಡಿಸುವುದಿಲ್ಲ. ಹೀರೋ ಆದರೆ ಗೆದ್ದ, ಇಲ್ಲದಿದ್ದರೆ ಸೋತ ಅನ್ನುವ ಲೆಕ್ಕ ಅದು.

ಒಂದು ಸಲ ಸ್ನೇಹಿತನ ಮನೆಯಲ್ಲಿ ಎಲ್ಲರೂ ಸೇರಿದ್ದೆವು. 1917ರ 'ದಿ ಬುಚರ್ ಬಾಯ್' ಹಾಕಿದ್ದೆ. ಸ್ನೇಹಿತನ ತಂದೆಯಷ್ಟು ಜೋರಾಗಿ ಆವತ್ತು ಯಾರೂ ನಗಲಿಲ್ಲ. ಮುಗಿದ ತಕ್ಷಣ ಅವರೇ ಅಂದರು: "ಪಾಪ, ಅವನ ಹಣೆಬರಹ ನೋಡು. ಬರೀ ಒದೆ ತಿನ್ನೋದ್ರಲ್ಲೇ ಜೀವನ ಹೋಯ್ತು." ಕೂತವರೆಲ್ಲ ಹೌದು ಹೌದು ಅಂತ ತಲೆ ಆಡಿಸಿದರು. ನನಗೆ ತಡೆಯಲಾಗಲಿಲ್ಲ. "ಅಂಕಲ್, ಇಷ್ಟು ಹೊತ್ತು ನೀವು ನಕ್ಕಿದ್ದು ಯಾರನ್ನ ನೋಡಿ?" ಅಂದೆ. "ಅವನನ್ನೇ. ಆದ್ರೂ ಹೊಡೆಯೋನು ಹೊಡೆಯೋನೇ ಅಲ್ವೇನಪ್ಪಾ" ಅಂದರು. ಆ ಮಾತು ಇವತ್ತಿಗೂ ನನಗೆ ಚುಚ್ಚುತ್ತದೆ. ಯಾಕೆಂದರೆ ವಿಷಯ ಸರಿಯಾಗಿ ಉಲ್ಟಾ ಇದೆ.

ಅದೇ ಸಿನಿಮಾವನ್ನು ನೋಡಿ. ಒಂದು ದಿನಸಿ ಅಂಗಡಿ. ಆಗಿನ ದೊಡ್ಡ ಹಾಸ್ಯನಟ ರಾಸ್ಕೋ ಆರ್‌ಬಕಲ್ ಅಲ್ಲಿ ಮಾಂಸ ಕತ್ತರಿಸುವವನು, ನಮ್ಮ ಸೇಂಟ್ ಜಾನ್ ಗುಮಾಸ್ತ. ಇಬ್ಬರಿಗೂ ಒಬ್ಬಳೇ ಹುಡುಗಿಯ ಮೇಲೆ ಕಣ್ಣು. ಜಗಳ ಶುರುವಾಗಿ ಹಿಟ್ಟಿನ ಚೀಲಗಳು ಹಾರುತ್ತವೆ, ಅಂಗಡಿ ತುಂಬ ಬಿಳಿ ಧೂಳು. ಮುಂದೆ ಮೂಕಿ ಹಾಸ್ಯದ ದೊಡ್ಡ ಹೆಸರಾದ ಬಸ್ಟರ್ ಕೀಟನ್‌ಗೆ ಅದು ಮೊದಲನೇ ಸಿನಿಮಾ. ಅವನಿಗೂ ಒಂದು ಚೀಲ ಬೀಳುತ್ತದೆ, ಹೊಡೆತಕ್ಕೆ ನೆಲ ಕಚ್ಚುತ್ತಾನೆ. ಚೀಲ ಎಸೆಯುವುದರಲ್ಲಿ ಏನೂ ದೊಡ್ಡ ವಿದ್ಯೆ ಇಲ್ಲ. ಗುರಿ ಸರಿ ಇದ್ದರೆ ಸಾಕು. ಏಟು ತಿನ್ನುವವನ ಕೆಲಸ ಬೇರೆ. ಚೀಲ ಯಾವ ಕಡೆಯಿಂದ ಬರುತ್ತದೆ ಅಂತ ಅವನಿಗೆ ಗೊತ್ತಿರಬೇಕು, ಮುಖದಲ್ಲಿ ಮಾತ್ರ ಅದರ ಸುಳಿವೇ ಇರಬಾರದು. ಕಣ್ಣು ಒಂದು ಚೂರು ಮೊದಲೇ ಮಿಟುಕಿದರೆ ನಗು ಸತ್ತುಹೋಯಿತು. ಬಿದ್ದ ಮೇಲೆ ತಡವಾಗಿ ಉರುಳಿದರೂ ಅಷ್ಟೇ.

ಬೀಳುವುದಕ್ಕೂ ಒಂದು ಕ್ರಮ ಇದೆ. ಗದ್ದ ಎದೆಗೆ ಒತ್ತಿಕೊಂಡಿರಬೇಕು, ಇಲ್ಲದಿದ್ದರೆ ತಲೆಯ ಹಿಂಭಾಗ ನೆಲಕ್ಕೆ ಬಡಿಯುತ್ತದೆ. ಉಸಿರು ಹೊರಗೆ ಬಿಡಬೇಕು. ಮೊಣಕೈ ಊರಬಾರದು. ಪೆಟ್ಟು ಒಂದೇ ಕಡೆ ಬೀಳದೆ ಭುಜ, ಬೆನ್ನು, ಅಂಗೈಗೆ ಹಂಚಿಹೋಗಬೇಕು. ಇಷ್ಟೆಲ್ಲ ಮಾಡುವಾಗಲೂ ಏನೂ ಗೊತ್ತಿಲ್ಲದೆ ಬಿದ್ದವನ ಹಾಗೆ ಕಾಣಬೇಕು. "ಅದೆಲ್ಲ ಕ್ಯಾಮೆರಾ ಟ್ರಿಕ್ ಬಿಡಿ" ಅನ್ನುವವರೂ ಇದ್ದಾರೆ. ಆಗ ಕ್ಯಾಮೆರಾದ ಹಿಡಿ ಕೈಯಲ್ಲಿ ತಿರುಗಿಸುತ್ತಿದ್ದರು. ನಿಧಾನ ತಿರುಗಿಸಿದರೆ ತೆರೆ ಮೇಲೆ ಓಟ ಜೋರಾಗಿ ಕಾಣುತ್ತದೆ, ನಿಜ. ಆದರೆ ಹಿಡಿ ನಿಧಾನ ತಿರುಗಿಸಿದ ಮಾತ್ರಕ್ಕೆ ನೆಲ ಮೆತ್ತಗಾಗುವುದಿಲ್ಲ. ಕೀಟನ್‌ನಂಥವನೇ 1924ರ 'ಶೆರ್ಲಾಕ್ ಜೂನಿಯರ್' ಶೂಟಿಂಗಿನಲ್ಲಿ ರೈಲ್ವೆ ನೀರಿನ ಟ್ಯಾಂಕಿನ ರಭಸಕ್ಕೆ ಹಳಿ ಮೇಲೆ ಬಿದ್ದು ಕತ್ತಿನ ಮೂಳೆ ಮುರಿದುಕೊಂಡ. ಅದು ಮುರಿದಿತ್ತು ಅಂತ ಗೊತ್ತಾಗಿದ್ದೇ ವರ್ಷಗಳಾದ ಮೇಲೆ, ಎಕ್ಸ್‌ರೇ ತೆಗೆದಾಗ.

ಇನ್ನೊಂದು ಮಾತು. ಸುಮ್ನೆ ಬೀಳುವವನು ಸ್ಟಂಟ್‌ಮ್ಯಾನ್ ಆಗಬಹುದು, ನಟ ಆಗುವುದಿಲ್ಲ. ಸೇಂಟ್ ಜಾನ್ ಎರಡೂ ಆಗಿದ್ದ. 1916ರ 'ಫ್ಯಾಟಿ ಅಂಡ್ ಮೇಬಲ್ ಅಡ್ರಿಫ್ಟ್'ನಲ್ಲಿ ಅವನದು ಪ್ರೀತಿಯಲ್ಲಿ ಸೋತ ಹೊಟ್ಟೆಕಿಚ್ಚಿನ ಹುಡುಗ. ಹೊಸದಾಗಿ ಮದುವೆಯಾದ ಜೋಡಿ ಮಲಗಿರುವಾಗ ಅವರ ಮನೆಯನ್ನೇ ಸಮುದ್ರಕ್ಕೆ ತೇಲಿಬಿಡುವಷ್ಟು ಹೊಟ್ಟೆಕಿಚ್ಚು. ಆ ಕಿಚ್ಚು ಅವನ ಮುಖಕ್ಕಿಂತ ಮೊದಲು ಕಾಲಲ್ಲಿ ಕಾಣುತ್ತದೆ. ಸಿಟ್ಟು ಬಂದರೆ ನಿಂತಲ್ಲೇ ಎಗರುತ್ತಾನೆ, ಗಾಳಿಗೆ ಒದೆಯುತ್ತಾನೆ, ಮೈಯೆಲ್ಲ ತಿರುಚಿಕೊಳ್ಳುತ್ತದೆ. ಡೈಲಾಗ್ ಇಲ್ಲದ ಸಿನಿಮಾದಲ್ಲಿ ಅದೇ ಡೈಲಾಗ್.

ನರಸಿಂಹರಾಜು ಅವರನ್ನು ನೆನೆಸಿಕೊಳ್ಳಿ. 1954ರ 'ಬೇಡರ ಕಣ್ಣಪ್ಪ'ದಿಂದ ಶುರುವಾಗಿ ರಾಜ್‌ಕುಮಾರ್ ಪಕ್ಕದಲ್ಲಿ ಅವರು ಬಂದು ನಿಂತರೆ ಥಿಯೇಟರಿನಲ್ಲಿ ಶಿಳ್ಳೆ ಬೀಳುತ್ತಿತ್ತು. "ಪಾಪ, ಇವರು ರಾಜ್‌ಕುಮಾರ್ ಆಗಲಿಲ್ಲವಲ್ಲ" ಅಂತ ನಮ್ಮ ಮನೆಗಳಲ್ಲಿ ಯಾರಾದರೂ ಮರುಗಿದ್ದುಂಟಾ? ನಮ್ಮವರಿಗೆ ಕೊಡುವ ಮರ್ಯಾದೆಯನ್ನು ಅಮೆರಿಕದ ಒಬ್ಬ ನಟನಿಗೂ ಕೊಡಿ ಅಂತಷ್ಟೇ ನಾನು ಕೇಳುವುದು.

ನಿಜ ಹೇಳಬೇಕೆಂದರೆ ನೀವು ಕೇಳಬೇಕಾದ ಪ್ರಶ್ನೆಯೇ ಬೇರೆ. ಮಾತೇ ಇಲ್ಲದ ಕಾಲದಲ್ಲಿ ಶುರು ಮಾಡಿದವನು 1952ರವರೆಗೂ ಹೇಗೆ ಉಳಿದ? ಇದನ್ನು ಯಾರೂ ಕೇಳಿಲ್ಲ. ನಾನೇ ಹೇಳುತ್ತೇನೆ.

ಸೇಂಟ್ ಜಾನ್ ಹುಟ್ಟಿದ್ದು ಕ್ಯಾಲಿಫೋರ್ನಿಯಾದ ಸಾಂಟಾ ಆನಾದಲ್ಲಿ. ಸೈಕಲ್ ಮೇಲೆ ಕಸರತ್ತು ಮಾಡುವುದರಲ್ಲಿ ಎತ್ತಿದ ಕೈ. ಮ್ಯಾಕ್ ಸೆನೆಟ್‌ನ ಕೀಸ್ಟೋನ್ ಅನ್ನುವ ಹಾಸ್ಯಚಿತ್ರ ಕಂಪನಿಗೆ ಸೇರಿದ. ಆರ್‌ಬಕಲ್ ಇವನಿಗೆ ಸೋದರಮಾವ, ತಾಯಿಯ ತಮ್ಮ. ವಯಸ್ಸಿನಲ್ಲಿ ಹೆಚ್ಚು ಅಂತರವಿಲ್ಲದ ಮಾವ. ತೆರೆ ಮೇಲೆ ಮಾವ ಅಳಿಯ ಒಬ್ಬರನ್ನೊಬ್ಬರು ಚಚ್ಚಿಕೊಂಡೇ ಬೆಳೆದರು. 1921ರಲ್ಲಿ ಮಾವನ ಮೇಲೆ ಒಬ್ಬ ನಟಿಯ ಸಾವಿನ ಆಪಾದನೆ ಬಂತು. ಮೂರು ಸಲ ವಿಚಾರಣೆ ನಡೆದು 1922ರಲ್ಲಿ ನಿರಪರಾಧಿ ಅಂತ ತೀರ್ಪಾಯಿತು. ಆದರೂ ಅವನ ಸಿನಿಮಾ ಬಾಳು ಮುಳುಗಿತು. ಆಮೇಲೆ ಮಾವ ಬೇರೆ ಹೆಸರಿಟ್ಟುಕೊಂಡು ನಿರ್ದೇಶನ ಮಾಡಬೇಕಾಯಿತು. ಆ ಚಿತ್ರಗಳಲ್ಲೂ ಅಳಿಯ ನಟಿಸಿದ. ಈ ಒಂದು ವಿಷಯಕ್ಕೆ ನನಗೆ ಅವನ ಮೇಲೆ ಬಹಳ ಗೌರವ.

ಆಮೇಲೆ ಸಿನಿಮಾಕ್ಕೆ ಮಾತು ಬಂತು. ಮೂಕಿಯ ಎಷ್ಟೋ ದೊಡ್ಡ ಹೆಸರುಗಳು ಮೂಲೆ ಸೇರಿದವು. ಇವನು ಗಡ್ಡ ಬಿಟ್ಟ, ಟೋಪಿಯ ಮುಂದಿನ ಅಂಚನ್ನು ಮೇಲಕ್ಕೆ ಮಡಚಿಕೊಂಡ, ಕೌಬಾಯ್ ಸಿನಿಮಾಗಳಲ್ಲಿ ಫಜ್ಜಿ ಅನ್ನುವ ಮುದುಕ ಸಂಗಾತಿಯಾದ. 1940ರ ದಶಕದಲ್ಲಿ ಪಿ.ಆರ್.ಸಿ. ಅನ್ನುವ ಕಂಪನಿ ಕಡಿಮೆ ದುಡ್ಡಿನಲ್ಲಿ, ಕೆಲವೇ ದಿನಗಳಲ್ಲಿ ಇಂಥ ಚಿತ್ರಗಳನ್ನು ತೆಗೆಯುತ್ತಿತ್ತು. ಹೀರೋ ಬಸ್ಟರ್ ಕ್ರ್ಯಾಬ್, 1932ರ ಒಲಿಂಪಿಕ್ಸಿನಲ್ಲಿ ಈಜಿ ಚಿನ್ನ ಗೆದ್ದವನು. ಸೆಟ್ಟಿಗೆ ದುಡ್ಡಿಲ್ಲ, ಕಥೆಯಲ್ಲಿ ಹುರುಳಿಲ್ಲ. ಅಂಥ ಕಡೆ ಫಜ್ಜಿಯನ್ನು ಒಬ್ಬನೇ ಕ್ಯಾಮೆರಾ ಮುಂದೆ ಬಿಟ್ಟುಬಿಡುತ್ತಿದ್ದರು. ಐವತ್ತರ ಆಸುಪಾಸಿನ ಮನುಷ್ಯ ಅದೇ ಹಳೇ ಕೀಸ್ಟೋನ್ ವಿದ್ಯೆಯಿಂದ ಬಿದ್ದೆದ್ದು ಹೊತ್ತು ತುಂಬಿಸುತ್ತಿದ್ದ. ಮಕ್ಕಳು ಕಾಯುತ್ತಿದ್ದುದು ಅದಕ್ಕೇ. ಹೀರೋಗಳು ಬದಲಾದರು, ಕ್ರ್ಯಾಬ್ ಹೋಗಿ ಚಾವಟಿ ಬೀಸುವ ಲ್ಯಾಶ್ ಲಾರೂ ಬಂದ. ಫಜ್ಜಿ ಬದಲಾಗಲಿಲ್ಲ.

ಜರ್ಮನಿಯಲ್ಲಿ ಯುದ್ಧ ಮುಗಿದ ಮೇಲೆ ಈ ಸಿನಿಮಾಗಳು ಬಿಡುಗಡೆಯಾದಾಗ, ಎಷ್ಟೋ ಚಿತ್ರಗಳ ಶೀರ್ಷಿಕೆಯಲ್ಲಿ ಇದ್ದದ್ದು ಫಜ್ಜಿಯ ಹೆಸರು. ಅಲ್ಲಿನ ಜನ ಟಿಕೆಟ್ ತೆಗೆದುಕೊಂಡಿದ್ದು ಈ ಗಡ್ಡದವನಿಗಾಗಿ.

ಒಟ್ಟು ಮುನ್ನೂರಕ್ಕೂ ಹೆಚ್ಚು ಚಿತ್ರ. 1952ರಲ್ಲಿ ಸಿನಿಮಾ ಮುಗಿದ ಮೇಲೂ ಸುಮ್ಮನೆ ಕೂರಲಿಲ್ಲ. ಜನರೆದುರು ಪ್ರದರ್ಶನ ಕೊಡುತ್ತಾ ಊರೂರು ತಿರುಗಿದ. 1963ರ ಜನವರಿಯಲ್ಲಿ ಜಾರ್ಜಿಯಾದ ಲಯನ್ಸ್ ಊರಿನಲ್ಲಿ ತೀರಿಕೊಂಡ.

ನೋಡಬೇಕು ಅನ್ನಿಸಿದವರು 'ದಿ ಬುಚರ್ ಬಾಯ್'ನಿಂದ ಶುರು ಮಾಡಿ. ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತದೆ, ಅರ್ಧ ಗಂಟೆಯೂ ಇಲ್ಲ. ಅದಾದ ಮೇಲೆ ಕ್ರ್ಯಾಬ್ ಜೊತೆಗಿನ ಯಾವುದಾದರೂ ಒಂದು ಕೌಬಾಯ್ ಚಿತ್ರ ನೋಡಿ. ನಡುವೆ ಹೆಚ್ಚುಕಡಿಮೆ ಇಪ್ಪತ್ತೈದು ವರ್ಷ ಕಳೆದಿದೆ. ಎರಡರಲ್ಲೂ ಅವನು ಬೀಳುವಾಗ ಒಮ್ಮೆ ನಿಲ್ಲಿಸಿ, ಗದ್ದ ಎಲ್ಲಿದೆ ಅಂತ ನೋಡಿಕೊಳ್ಳಿ.