‘ಖಾಲಿ’ ಪದದ ಮೇಲೆ ಎಳೆದ ಕೆಂಪು ಗೆರೆ

ಅಂತಿಮ ಬಿ.ಎ. ತರಗತಿಯಲ್ಲಿ ಇತಿಹಾಸದ ವಿದ್ಯಾರ್ಥಿಗಳು ನಾವು ಹನ್ನೊಂದೇ ಮಂದಿ. ಮಹಡಿಯ ಮೂಲೆಯ ಕೋಣೆ, ತಲೆಯ ಮೇಲೆ ಮಂಗಳೂರು ಹೆಂಚು. ಜೂನ್ ತಿಂಗಳಲ್ಲಿ ಮಳೆ ಹಿಡಿದರೆ ಮೇಷ್ಟ್ರ ದನಿ ಕೊನೆಯ ಬೆಂಚಿಗೆ ಮುಟ್ಟುತ್ತಿರಲಿಲ್ಲ. ಆಗ ಅವರು ಕುರ್ಚಿಯನ್ನು ನಮ್ಮ ನಡುವೆ ಎಳೆದುಕೊಂಡು ಕುಳಿತು ಪಾಠ ಮುಂದುವರಿಸುತ್ತಿದ್ದರು. ಅಮೆರಿಕದ ಇತಿಹಾಸದ ಪತ್ರಿಕೆ ಅವರದು.

ಒಂದು ಕಿರುಪರೀಕ್ಷೆಯಲ್ಲಿ ಪಶ್ಚಿಮದ ಕಡೆಗಿನ ವಲಸೆಯ ಬಗ್ಗೆ ಪ್ರಶ್ನೆ ಬಂದಿತ್ತು. ‘ಯುರೋಪಿನಿಂದ ಬಂದವರು ಖಾಲಿ ನೆಲದಲ್ಲಿ ಊರು ಕಟ್ಟಿದರು’ ಎಂದು ಬರೆದಿದ್ದೆ. ಉತ್ತರಪತ್ರಿಕೆ ಕೈಗೆ ಬಂದಾಗ ‘ಖಾಲಿ’ ಎಂಬ ಪದದ ಮೇಲೆ ಕೆಂಪು ಗೆರೆ. ಅಂಚಿನಲ್ಲಿ ಸಣ್ಣ ಅಕ್ಷರದಲ್ಲಿ, ‘ಯಾರು ಹೇಳಿದ್ದು?’ ಅಂಕವನ್ನೇನೂ ಕಳೆದಿರಲಿಲ್ಲ. ಆದರೆ ಮರುದಿನದ ತರಗತಿ ಇಡೀ ಆ ಒಂದು ಪದಕ್ಕೇ ಹೋಯಿತು.

ಅವರು ಆರಂಭಿಸಿದ್ದು ನಮ್ಮ ಮಾಡಿನ ಹೆಂಚಿನಿಂದ. ಹಲಗೆಯ ಮೇಲೆ 1833 ಮತ್ತು 1834 ಎಂದು ಬರೆದರು. ಸ್ವಿಟ್ಜರ್ಲೆಂಡಿನ ಬಾಸೆಲ್ ಮಿಷನ್ನಿನ ಪಾದ್ರಿಗಳಾದ ಹೆಬಿಕ್, ಲೆಹ್ನರ್, ಗ್ರೈನರ್ ಮಂಗಳೂರಿಗೆ ಬಂದದ್ದು 1834ರಲ್ಲಿ. ಮುಂದೆ ಇಲ್ಲಿ ಹೆಂಚಿನ ಕಾರ್ಖಾನೆ ಎದ್ದಿತು, ಕನ್ನಡದ ಮೊದಲ ಪತ್ರಿಕೆ ‘ಮಂಗಳೂರ ಸಮಾಚಾರ’ ಹೊರಟಿತು, ಕಿಟೆಲ್ ನಿಘಂಟು ಬಂದಿತು. ಇವೆಲ್ಲ ನಮಗೆ ಗೊತ್ತಿದ್ದವು. ಗೊತ್ತಿಲ್ಲದ್ದು ಹಿಂದಿನ ವರ್ಷದ ಕತೆ. 1833ರಲ್ಲಿ ಅದೇ ಬಾಸೆಲಿನಲ್ಲಿ ತರಬೇತಾದ ಫ್ರೀಡ್ರಿಕ್ ಶ್ಮಿಡ್ ಎಂಬ ಯುವಕ ಅಟ್ಲಾಂಟಿಕ್ ದಾಟಿ ಮಿಶಿಗನ್ನಿನ ಆನ್ ಆರ್ಬರ್‌ಗೆ ಹೋದ. ಅಲ್ಲಿ ಕಾಡು ಕಡಿದು ಬೇಸಾಯಕ್ಕಿಳಿದಿದ್ದ ಜರ್ಮನ್ ಕುಟುಂಬಗಳಿಗೆ ಪಾದ್ರಿಯಾದ. ಒಂದೇ ಮನೆಯಿಂದ ಹೊರಟ ಎರಡು ದಾರಿಗಳಲ್ಲಿ ಒಂದರ ತುದಿಯಲ್ಲಿ ನಾವು ಕೂತಿದ್ದೇವೆ, ಇನ್ನೊಂದರ ತುದಿಗೆ ಹೋಗಿ ನೋಡೋಣ ಎಂದರು.

ಅಂದು ಅವರು ನಮ್ಮನ್ನು ಕರೆದೊಯ್ದದ್ದು ಮಾತ್ರ ಜರ್ಮನರು ಹೋಗಿ ನೆಲೆಸಿದ ಇನ್ನೊಂದು ಕಡೆಗೆ, ಟೆಕ್ಸಸ್ಸಿಗೆ. 1842ರಲ್ಲಿ ರೈನ್ ನದಿಯ ದಂಡೆಯ ಬೀಬ್ರಿಕ್ ಎಂಬಲ್ಲಿ ಕೆಲವು ಜರ್ಮನ್ ಶ್ರೀಮಂತ ಮನೆತನದವರು ಸೇರಿ ‘ಆಡೆಲ್ಸ್‌ಫೆರೈನ್’ ಎಂಬ ಸಂಘ ಕಟ್ಟಿದರು. ಆ ಕಾಲದ ಜರ್ಮನಿಯ ನೈಋತ್ಯ ಭಾಗದಲ್ಲಿ ಅಪ್ಪನ ಹೊಲ ಮಕ್ಕಳಿಗೆ ಪಾಲಾಗಿ, ಮತ್ತೆ ಮೊಮ್ಮಕ್ಕಳಿಗೆ ಪಾಲಾಗಿ, ಕೊನೆಗೆ ಹೊಟ್ಟೆಗೆ ಸಾಲದಷ್ಟು ಉಳಿಯುತ್ತಿತ್ತು. ಅಂಥವರಿಗೆ ಟೆಕ್ಸಸ್ಸಿನಲ್ಲಿ ಭೂಮಿ, ಮನೆ, ಮೊದಲ ಬೆಳೆಯವರೆಗೆ ದವಸ ಎಂದು ಸಂಘ ಭರವಸೆ ಕೊಟ್ಟಿತು. ನಂಬಿ ಹೊರಟವರು 7,000ಕ್ಕೂ ಹೆಚ್ಚು ಮಂದಿ. ಸಂಘ ಗುತ್ತಿಗೆ ಪಡೆದಿದ್ದ ಪ್ರದೇಶ ಲ್ಯಾನೋ ಮತ್ತು ಕೊಲರಾಡೋ ನದಿಗಳ ನಡುವಿನ 30 ಲಕ್ಷಕ್ಕೂ ಮಿಕ್ಕಿದ ಎಕರೆ. ಗುತ್ತಿಗೆಗೆ ಸಹಿ ಹಾಕಿದ ದೊಡ್ಡವರು ಅದನ್ನು ಕಣ್ಣಾರೆ ಕಂಡಿರಲಿಲ್ಲ. ಅದು ಅಲ್ಲಿನ ಮೂಲನಿವಾಸಿಗಳಾದ ಕೊಮಾಂಚಿ ಜನ ಕಾಡೆಮ್ಮೆ ಬೇಟೆಯಾಡುತ್ತ ಬದುಕಿದ್ದ ನೆಲ. ‘ನಿನ್ನ ಖಾಲಿ ನೆಲ ಇದೇ’ ಎಂದು ಮೇಷ್ಟ್ರು ನನ್ನ ಕಡೆ ನೋಡಿದರು. ಗದರಿಕೆ ಇರಲಿಲ್ಲ ಆ ನೋಟದಲ್ಲಿ.

1846ರ ಕತೆ ಹೇಳುವಾಗ ಅವರ ದನಿ ಇಳಿಯಿತು. ಹಡಗುಗಳಿಂದ ಇಳಿದವರು ಕಾರ್ಲ್ಸ್‌ಹಾಫೆನ್ ಎಂಬ ಕಡಲತೀರದಲ್ಲಿ ಡೇರೆಗಳಲ್ಲಿ, ನೆಲ ತೋಡಿ ಮಾಡಿದ ಗುಳಿಗಳಲ್ಲಿ ಬಿಡಾರ ಹೂಡಿದ್ದರು. ಒಳನಾಡಿಗೆ ಒಯ್ಯಲು ಗಾಡಿಗಳು ಬೇಕಿತ್ತು. ಅಷ್ಟರಲ್ಲಿ ಮೆಕ್ಸಿಕೋ ಜೊತೆ ಯುದ್ಧ ಶುರುವಾಗಿ, ಹೆಚ್ಚು ಬಾಡಿಗೆ ಕೊಟ್ಟ ಸೈನ್ಯದ ಹಿಂದೆ ಗಾಡಿಗಳೆಲ್ಲ ಹೋದವು. ಮಳೆ, ಕೆಸರು, ಜ್ವರ, ಭೇದಿ. ನಡೆದೇ ಹೊರಟವರು ದಾರಿಯುದ್ದಕ್ಕೂ ತಮ್ಮವರನ್ನು ಹೂಳುತ್ತ ಹೋದರು. ಸತ್ತವರು ನೂರಾರು. ಹಿಂದಿನ ವರ್ಷವಷ್ಟೇ ಸಂಘದ ಹೊಣೆ ಹೊತ್ತು ಟೆಕ್ಸಸ್ಸಿಗೆ ಬಂದಿದ್ದ ಜರ್ಮನ್ ರಾಜಕುಮಾರ ಕಾರ್ಲ್ ನೆಲೆಗೊಳಿಸಿದ್ದ ನ್ಯೂ ಬ್ರೌನ್‌ಫೆಲ್ಸ್ ತಲುಪುವಾಗ ಎಷ್ಟೋ ಮಕ್ಕಳು ತಬ್ಬಲಿಗಳಾಗಿದ್ದರು. ಅಲ್ಲಿನ ಪಾದ್ರಿ ಎರ್ವೆಂಡ್‌ಬರ್ಗ್ ಮತ್ತು ಅವರ ಪತ್ನಿ ಆ ಮಕ್ಕಳನ್ನು ತಮ್ಮ ಮನೆಯ ಮಕ್ಕಳೊಡನೆಯೇ ಸಾಕಿದರು. ಆ ದಿನ ಗಂಟೆ ಹೊಡೆದ ಮೇಲೂ ನಾವ್ಯಾರೂ ಏಳಲಿಲ್ಲ.

ಹದಿನೇಳು ವರ್ಷಗಳ ಬಳಿಕ ಉದ್ಯೋಗ ನನ್ನನ್ನು ಟೆಕ್ಸಸ್ಸಿನ ಆಸ್ಟಿನ್ ನಗರಕ್ಕೆ ಒಯ್ದಿತು. ಮೊದಲ ರಜೆ ಸಿಕ್ಕಿದ್ದೇ, ಆ ಜರ್ಮನರೇ ಕಟ್ಟಿದ ಇನ್ನೊಂದು ಊರು ಫ್ರೆಡರಿಕ್ಸ್‌ಬರ್ಗ್‌ಗೆ ಹೊರಟೆ. ಸುಣ್ಣಕಲ್ಲಿನ ಗುಡ್ಡಗಳು, ಕುಳ್ಳು ಓಕ್ ಮರಗಳು, ಆಮೇಲೆ ಒಮ್ಮೆಲೇ ಅಗಲವಾದ ರಾಜಬೀದಿ. ಎತ್ತಿನ ಗಾಡಿ ತಿರುಗಿಸಲು ಅನುವಾಗಲೆಂದೇ ಅಷ್ಟು ಅಗಲ ಬಿಟ್ಟದ್ದು ಎಂದು ಊರವರು ಹೇಳುತ್ತಾರೆ. ಮಾರುಕಟ್ಟೆಯ ಚೌಕದಲ್ಲಿ ಎಂಟು ಮೂಲೆಯ ಕಟ್ಟಡ, ‘ಫೆರೈನ್ಸ್‌ಕಿರ್ಕೆ’, ಅಂದರೆ ಸಂಘದ ಚರ್ಚು. 1847ರಲ್ಲಿ ಕಟ್ಟಿದ ಮೂಲ ಕಟ್ಟಡ ಈಗಿಲ್ಲ. ಇರುವುದು 1930ರ ದಶಕದ ಪ್ರತಿರೂಪ. ಪ್ರಾರ್ಥನೆ, ಶಾಲೆ, ಸಭೆ ಎಲ್ಲಕ್ಕೂ ಅದೊಂದೇ ಮಾಡು. ಅದರ ಆಕಾರ ನೋಡಿ ಜನ ‘ಕಾಫಿ ಬೀಸುವ ಯಂತ್ರ’ ಎಂದು ಕರೆದರಂತೆ.

ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ‘ಭಾನುವಾರದ ಮನೆ’ಗಳು. ದೂರದ ಹೊಲಗಳ ರೈತರು ಶನಿವಾರ ಸಂತೆಗೆ, ಭಾನುವಾರ ಚರ್ಚಿಗೆ ಬಂದಾಗ ತಂಗಲು ಕಟ್ಟಿಕೊಂಡ ಪುಟ್ಟ ಮನೆಗಳು ಅವು. ಕೆಳಗೆ ಒಂದು ಕೋಣೆ, ಮೇಲೆ ಅಟ್ಟ. ಅಟ್ಟಕ್ಕೆ ಹೋಗುವ ಮೆಟ್ಟಿಲು ಮನೆಯ ಹೊರಗೋಡೆಗೆ ಆನಿಸಿದೆ. ಒಳಗೆ ಇಟ್ಟರೆ ಹಾಸಿಗೆ ಹಾಸುವ ಜಾಗ ಹೋಗುತ್ತದೆ. ಮಕ್ಕಳು ಮಲಗುತ್ತಿದ್ದುದು ಅಟ್ಟದಲ್ಲಿ. ಮೆಟ್ಟಿಲಿನ ಮರವನ್ನು ಮುಟ್ಟಿ ನೋಡಿದೆ. ಪಾಲಾಗಿ ಪಾಲಾಗಿ ಕರಗಿದ ಹೊಲ ಬಿಟ್ಟು ಬಂದವರು ಇಲ್ಲಿಯೂ ಗೇಣು ಜಾಗವನ್ನು ಲೆಕ್ಕ ಹಾಕಿಯೇ ಬಳಸಿದ್ದಾರೆ ಎನಿಸಿತು.

ಈ ಊರು ಉಳಿದದ್ದು ಒಂದು ಒಪ್ಪಂದದಿಂದ. ರಾಜಕುಮಾರನ ನಂತರ ಸಂಘದ ಹೊಣೆ ಹೊತ್ತ ಮೊಯ್ಸೆಬಾಕ್, ತನ್ನ ಬ್ಯಾರನ್ ಪದವಿಯನ್ನು ಕಳಚಿಟ್ಟು ಬರೀ ಜಾನ್ ಆದ ಮನುಷ್ಯ. ಬೇಡವೆಂದವರ ಮಾತು ಕೇಳದೆ 1847ರ ಆರಂಭದಲ್ಲಿ ಸ್ಯಾನ್ ಸಬಾ ನದಿಯ ಕಡೆಗೆ ಹೋಗಿ ಕೊಮಾಂಚಿ ಮುಖಂಡರನ್ನು ಕಂಡ. ಅವನ ಕೆಂಗಡ್ಡ ಕಂಡು ಅವರು ಅವನಿಗೆ ‘ಕೆಂಪು ಸೂರ್ಯ’ ಎಂದು ಹೆಸರಿಟ್ಟರು. ಮೇ 9ರಂದು ಫ್ರೆಡರಿಕ್ಸ್‌ಬರ್ಗ್‌ನಲ್ಲಿ ಒಪ್ಪಂದಕ್ಕೆ ಸಹಿ ಬಿತ್ತು: ಇವರು ಅವರ ನೆಲದಲ್ಲಿ, ಅವರು ಇವರ ಊರಿನಲ್ಲಿ ನಿರ್ಭಯವಾಗಿ ಓಡಾಡಬಹುದು. ಆ ಮಾತುಕತೆಯ ದಿನಗಳಲ್ಲಿ ರಾತ್ರಿ ಗುಡ್ಡಗಳ ಮೇಲೆ ಕೊಮಾಂಚಿಗಳ ಬೆಂಕಿ ಕಾಣುತ್ತಿತ್ತಂತೆ. ಹೆದರಿದ ಮಕ್ಕಳಿಗೆ ಒಬ್ಬ ತಾಯಿ, ಅದು ಈಸ್ಟರ್ ಮೊಲ ಮೊಟ್ಟೆಗೆ ಬಣ್ಣ ಕುದಿಸುವ ಬೆಂಕಿ ಎಂದು ಕತೆ ಕಟ್ಟಿ ಮಲಗಿಸಿದಳು ಎಂದು ಊರು ಇಂದಿಗೂ ನೆನೆಯುತ್ತದೆ. ಕತೆ ಎಷ್ಟು ನಿಜವೋ, ನನಗೆ ಅದರಲ್ಲಿ ಮುಖ್ಯವಾಗಿ ಕಂಡದ್ದು ಬೆಂಕಿ. ಬೆಂಕಿ ಕಂಡ ಆ ತಾಯಿಗೆ ನೆಲ ಖಾಲಿಯಲ್ಲ ಎಂದು ಗೊತ್ತಿತ್ತು.

ಕಂಫರ್ಟ್ ಎಂಬ ಊರಿಗೂ ಹೋದೆ. ಅಲ್ಲಿ ಸುಣ್ಣಕಲ್ಲಿನ ಸ್ತಂಭದ ಮೇಲೆ ಜರ್ಮನ್ ಭಾಷೆಯಲ್ಲಿ ‘ಒಕ್ಕೂಟಕ್ಕೆ ನಿಷ್ಠೆ’ ಎಂದು ಕೆತ್ತಿದೆ. ಅಂತರ್ಯುದ್ಧದಲ್ಲಿ, ಅಮೆರಿಕದ ಒಕ್ಕೂಟ ಬಿಟ್ಟ ದಕ್ಷಿಣದ ರಾಜ್ಯಗಳ ಸೈನ್ಯ ಸೇರಲೊಪ್ಪದೆ ಮೆಕ್ಸಿಕೋ ಕಡೆ ಹೊರಟ ಜರ್ಮನ್ ಯುವಕರ ಮೇಲೆ ಆ ಸೈನ್ಯ 1862ರ ಆಗಸ್ಟ್ 10ರಂದು ನ್ಯೂಎಸಸ್ ನದಿಯ ಬಳಿ ಎರಗಿ ಹಲವರನ್ನು ಕೊಂದಿತು. ಗಾಯಗೊಂಡು ಸೆರೆಸಿಕ್ಕವರನ್ನೂ ಬಿಡಲಿಲ್ಲ. ಮೂರು ವರ್ಷ ಬಯಲಲ್ಲಿ ಬಿದ್ದಿದ್ದ ಎಲುಬುಗಳನ್ನು ಊರವರು ಆಯ್ದು ತಂದು ಇಲ್ಲಿ ಮಣ್ಣು ಮಾಡಿದರು. ಎಲ್ಲ ಜರ್ಮನರೂ ಹಾಗಿರಲಿಲ್ಲ; ನ್ಯೂ ಬ್ರೌನ್‌ಫೆಲ್ಸ್ ಇರುವ ಕೊಮಾಲ್ ಕೌಂಟಿ ಒಕ್ಕೂಟ ಬಿಡುವುದರ ಪರವಾಗಿಯೇ ಮತ ಹಾಕಿತ್ತು. ಒಂದು ಜನಾಂಗಕ್ಕೆ ಒಂದೇ ಬಣ್ಣ ಬಳಿಯಬೇಡಿ ಎಂದು ಮೇಷ್ಟ್ರು ಹೇಳುತ್ತಿದ್ದುದು ನೆನಪಾಯಿತು.

ಫ್ರೆಡರಿಕ್ಸ್‌ಬರ್ಗ್‌ನ ಬೇಕರಿಯೊಂದರಲ್ಲಿ ಒಬ್ಬ ಅಜ್ಜ ಟೆಕ್ಸಸ್ಸಿನ ಜರ್ಮನ್ ಮಾತಾಡಿ ತೋರಿಸಿದರು. ಇಲ್ಲಿ ಕಂಡ ಸ್ಕಂಕ್ ಎಂಬ ಪ್ರಾಣಿಗೆ ಅವರ ಹಿರಿಯರು ‘ನಾರುವ ಬೆಕ್ಕು’ ಎಂದು ಹೆಸರಿಟ್ಟರಂತೆ, ‘ಷ್ಟಿಂಕ್‌ಕಾಟ್ಸೆ’. ತಮ್ಮ ಮೊಮ್ಮಕ್ಕಳಿಗೆ ಈ ಪದ ಬರುವುದಿಲ್ಲ ಎಂದರು. ನಾನು ನನ್ನ ಮಗಳ ಕನ್ನಡವನ್ನು ನೆನೆದು ಸುಮ್ಮನಾದೆ.

ಅಂದು ರಾತ್ರಿ ಮೇಷ್ಟ್ರಿಗೆ ಫೋನ್ ಮಾಡಿದೆ. ನಿವೃತ್ತರಾಗಿ ಮೂಡುಬಿದಿರೆ ಕಡೆಯ ಮನೆಯಲ್ಲಿದ್ದರು. ನೋಡಿದ್ದನ್ನೆಲ್ಲ ಒಂದೇ ಉಸಿರಿಗೆ ಹೇಳಿದೆ. ಪೂರ್ತಿ ಕೇಳಿಸಿಕೊಂಡು, ‘ಮೊಯ್ಸೆಬಾಕ್ ಸರಿ. ಆ ಕಡೆಯಿಂದ ಬಂದು ಕೂತವರ ಹೆಸರು ಏನು?’ ಎಂದರು.

ಟಿಪ್ಪಣಿ ಪುಸ್ತಕ ತೆರೆದೆ. ಬಫಲೋ ಹಂಪ್. ಓಲ್ಡ್ ಔಲ್, ಅವರದೇ ಮಾತಿನಲ್ಲಿ ಮೋಪೆಚುಕೋಪೆ. ಸಾಂಟಾ ಆನಾ; ಒಪ್ಪಂದವಾಗಿ ಎರಡೇ ವರ್ಷದಲ್ಲಿ, 1849ರಲ್ಲಿ, ಕಾಲರಾ ಬಂದು ಅವನೂ ಅವನ ಜನರಲ್ಲಿ ಎಷ್ಟೋ ಮಂದಿಯೂ ಸತ್ತರು. ಉಳಿದ ಕೊಮಾಂಚಿಗಳ ಕೊನೆಯ ಗುಂಪು 1875ರಲ್ಲಿ ಫೋರ್ಟ್ ಸಿಲ್ ಎಂಬ ಅಮೆರಿಕದ ಸೇನಾ ನೆಲೆಯಲ್ಲಿ ಶರಣಾಯಿತು.

‘ತಡಿ, ಪೆನ್ನು ತೆಗೆದುಕೊಳ್ಳುತ್ತೇನೆ. ಆ ಎರಡನೆಯ ಹೆಸರನ್ನು ಬಿಡಿಸಿ ಹೇಳು’ ಎಂದರು ಮೇಷ್ಟ್ರು. ನಾನು ಒಂದೊಂದೇ ಅಕ್ಷರ ಹೇಳಿದೆ. ಅವರು ಆ ಕಡೆ ಬರೆದುಕೊಂಡರು.