ಎರೆಮಣ್ಣಿನ ಮೇಲೆ 375 ಕೊಡ ನೀರು

ಮಕ್ಕಳಿಗೆಂದು ತಂದ ಗಾಳಿ ತುಂಬುವ ಈಜುಕೊಳದ ಪೆಟ್ಟಿಗೆಯ ಮೇಲೆ ಬರೆದಿದ್ದ ಲೆಕ್ಕ ಇಷ್ಟು: ಅಗಲ 12 ಅಡಿ, ಎತ್ತರ 30 ಇಂಚು, ಹಿಡಿಸುವ ನೀರು 1,485 ಗ್ಯಾಲನ್. ಅವ್ವನಿಗೆ ಗ್ಯಾಲನ್ ಅಂದರೆ ತಿಳಿಯದು. "ಕೊಡದ ಲೆಕ್ಕದಾಗ ಹೇಳು," ಅಂದಳು. ಫೋನಿನಲ್ಲಿ ಗುಣಿಸಿ, ಭಾಗಿಸಿ ನೋಡಿದೆ. 5,600 ಲೀಟರ್ ಚಿಲ್ಲರೆ ಬಂತು. ಕೊಡಕ್ಕೆ ಹದಿನೈದು ಲೀಟರ್ ಹಿಡಿದರೆ 375 ಕೊಡ.

ಅವ್ವ ಸ್ವಲ್ಪ ಹೊತ್ತು ಸುಮ್ಮನೆ ಕೂತಳು. ಆಮೇಲೆ, "ದಿನಕ್ಕ ನಾಕು ಕೊಡ ಅಂದ್ರ ಮೂರು ತಿಂಗಳದ ಕುಡಿಯೂ ನೀರಾತಲ್ಲೋ ತಮ್ಮಾ," ಅಂದಳು. ಮಾತಿನಲ್ಲಿ ಸಿಟ್ಟಿರಲಿಲ್ಲ. ತಲೆಯ ಮೇಲೊಂದು, ಬಗಲಲ್ಲೊಂದು ಕೊಡ ಹೊತ್ತು ಮೂವತ್ತು ವರ್ಷ ಕೆರೆಗೂ ಮನೆಗೂ ನಡೆದವಳು ಹಾಕಿದ ಲೆಕ್ಕ ಅದು. ಆ ರಾತ್ರಿ ಪೆಟ್ಟಿಗೆಯನ್ನು ಅಂಗಡಿಗೆ ವಾಪಸ್ ಕೊಟ್ಟುಬಿಡೋಣವೇ ಅಂತ ಹೆಂಡತಿಯ ಹತ್ತಿರ ಕೇಳಿದೆ. ಮರುದಿನ ಬೆಳಿಗ್ಗೆ ಅವ್ವನೇ, "ಹುಡುಗ್ರು ಆಸೆಪಟ್ಟಾವು, ಹಾಕು. ಆದ್ರ ನೀರು ಹಾಳು ಮಾಡಬ್ಯಾಡ," ಅಂದಳು.

ನಮ್ಮದು ನರಗುಂದದ ಕಡೆಯ ಎರೆಭೂಮಿಯ ಹಳ್ಳಿ. ನೆಲ ತೋಡಿದರೆ ಸವಳು ನೀರು. ಕುಡಿಯಲು ಮಳೆನೀರು ತುಂಬಿದ ಕೆರೆಯೊಂದೇ ಗತಿ. ಊರಿಗೆ ಊರೇ ಆ ಕೆರೆಯನ್ನು ದೇವರ ಗುಡಿಯಂತೆ ನೋಡುತ್ತಿತ್ತು. ಚಪ್ಪಲಿ ದಂಡೆಯಲ್ಲೇ ಬಿಟ್ಟು ಮೆಟ್ಟಿಲು ಇಳಿಯಬೇಕು. ಕೊಡ ಬಾಗಿಸಿ ನೀರು ತುಂಬಿಕೊಳ್ಳಬೇಕು, ನೀರಿಗೆ ಕಾಲಿಡುವಂತಿಲ್ಲ. ದನ, ಬಟ್ಟೆ ಹತ್ತಿರ ಸುಳಿಯುವಂತಿಲ್ಲ. ಪಂಚಾಯಿತಿಯವರು ಇಟ್ಟಿದ್ದ ಕಾವಲುಗಾರ ಕೋಲು ಹಿಡಿದು ದಂಡೆಯ ಬೇವಿನ ಗಿಡದ ಕೆಳಗೆ ಕೂತಿರುತ್ತಿದ್ದ. ಎಂಟು ವರ್ಷದವನಿದ್ದಾಗ ಬಿಸಿಲು ತಡೆಯಲಾರದೆ ಒಮ್ಮೆ ಪಾದ ಅದ್ದಿದ್ದೆ. ಅವನು ಮನೆತನಕ ಕಿವಿ ಹಿಡಿದುಕೊಂಡೇ ಬಂದ. ಹೀಗಾಗಿ ನನಗೆ ಈಜು ಬಂದದ್ದು ಮೂವತ್ತಮೂರನೇ ವಯಸ್ಸಿನಲ್ಲಿ, ಇಲ್ಲಿನ ನಗರಸಭೆಯ ಈಜುಕೊಳದಲ್ಲಿ.

ಈಗ ನಾವಿರುವುದು ಟೆಕ್ಸಸ್ ರಾಜ್ಯದ ಪ್ಲೇನೋ ಊರಿನಲ್ಲಿ, ಡಲ್ಲಾಸ್ ನಗರದ ಉತ್ತರಕ್ಕೆ. ಜುಲೈ, ಆಗಸ್ಟ್‌ನಲ್ಲಿ 38 ಡಿಗ್ರಿ ಸೆಲ್ಸಿಯಸ್ ದಾಟುವುದು ಇಲ್ಲಿ ಮಾಮೂಲು. 2011ರ ಬೇಸಿಗೆಯಲ್ಲಿ ಡಲ್ಲಾಸ್‌ನಲ್ಲಿ ಅಂಥ ದಿನಗಳು 71 ಇದ್ದವು. ಶಾಲೆಗೆ ರಜೆ, ಹೊರಗೆ ಕಾಲಿಟ್ಟರೆ ಸಿಮೆಂಟಿನ ನೆಲ ಸುಡುತ್ತದೆ. ಏಳು ವರ್ಷದ ಮಗಳು, ನಾಲ್ಕು ವರ್ಷದ ಮಗ ಇಡೀ ದಿನ ಏಸಿ ಕೋಣೆಯಲ್ಲಿ. ಅದಕ್ಕೇ ಈ ಗಾಳಿ ತುಂಬುವ ಕೊಳ ತಂದದ್ದು. ಇದಕ್ಕೆ ಗುಂಡಿ ತೋಡಬೇಕಿಲ್ಲ, ಕಂಬ ನಿಲ್ಲಿಸಬೇಕಿಲ್ಲ. ಮೇಲಂಚಿಗೆ ಒಂದು ದಪ್ಪ ಬಳೆ ಇರುತ್ತದೆ, ಗಾಳಿ ತುಂಬುವುದು ಅದಕ್ಕೆ ಮಾತ್ರ. ನೆಲದ ಮೇಲೆ ಹಾಸಿ ನೀರು ಬಿಟ್ಟರೆ ಬಳೆ ತೇಲುತ್ತ ಮೇಲೇರುತ್ತದೆ, ಅದರ ಜೊತೆ ಗೋಡೆಯೂ ಎದ್ದು ನಿಲ್ಲುತ್ತದೆ. ಕೇಳಲು ಸುಲಭ.

ಮೊದಲನೇ ಸಲ ನಾನು ಮಾಡಿದ್ದೂ ಹಾಗೇ. ಹಿತ್ತಲಿನ ಹುಲ್ಲು ಕಣ್ಣಿಗೆ ಮಟ್ಟಸವಾಗಿಯೇ ಕಂಡಿತು. ತಾಡಪತ್ರಿ ಹಾಸಿದೆ, ಕೊಳ ಬಿಚ್ಚಿದೆ, ಪೈಪ್ ಹಚ್ಚಿದೆ. ಐದು ಗ್ಯಾಲನ್ನಿನ ಬಕೆಟ್ 35 ಸೆಕೆಂಡಿಗೆ ತುಂಬುತ್ತಿತ್ತು, ಆ ಲೆಕ್ಕಕ್ಕೆ ಪೂರ್ತಿ ಕೊಳಕ್ಕೆ ಮೂರು ತಾಸು. ಒಂದೂವರೆ ತಾಸಿನ ಮೇಲೆ ಹೋಗಿ ನೋಡುತ್ತೇನೆ, ಓಣಿಯ ಬದಿಗೆ ಹನ್ನೆರಡು ಇಂಚು ನೀರು, ಮನೆಯ ಬದಿಗೆ ಒಂಬತ್ತೇ ಇಂಚು. ಓಣಿಯ ಬದಿಯ ಗೋಡೆ ಬಸುರಿಯ ಹೊಟ್ಟೆಯಂತೆ ಉಬ್ಬಿತ್ತು. ನಳ ಬಂದ್ ಮಾಡಲು ಓಡಿದೆ. ತಿರುಗಿ ಬರುವಷ್ಟರಲ್ಲಿ ಬಳೆ ಹೊರಕ್ಕೆ ಉರುಳಿ, ನೀರೆಲ್ಲ ಬೇಲಿಯ ಸಂದಿಯಿಂದ ಹಿಂದಿನ ಓಣಿಗೆ ಹರಿಯುತ್ತಿತ್ತು. ಹತ್ತಿರಹತ್ತಿರ 180 ಕೊಡ. ಅವ್ವ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಬಾಯಿ ತೆರೆಯಲಿಲ್ಲ. ನಾನು ತಲೆ ಎತ್ತಲಿಲ್ಲ.

ನೀರಿಗೆ ಮಟ್ಟ ಬಿಟ್ಟು ಬೇರೇನೂ ಗೊತ್ತಿಲ್ಲ. ಹನ್ನೆರಡು ಅಡಿ ಅಗಲದಲ್ಲಿ ನೆಲ ಮೂರು ಇಂಚು ಇಳಿಜಾರಿದ್ದರೆ ಅಷ್ಟೂ ಭಾರ ತಗ್ಗಿನ ಕಡೆ ಒರಗುತ್ತದೆ. ಕೊಳ ತುಂಬಿದಾಗ ನೀರಿನ ತೂಕ ಐದೂವರೆ ಟನ್ನಿಗೂ ಹೆಚ್ಚು. ಗಾಳಿಯ ಬಳೆ ಅದನ್ನು ಹಿಡಿದು ನಿಲ್ಲಿಸಲಾರದು. ಇಂಥದ್ದನ್ನು ತರುವವರು ಯಾರೇ ಇರಲಿ, ಮೊದಲ ದಿನವೆಲ್ಲ ನೆಲಕ್ಕೆ ಕೊಡಿ.

ಮಟ್ಟ ನೋಡುವ ದಾರಿ ತೋರಿಸಿದ್ದು ಅವ್ವ. ಅಪ್ಪ ಗೌಂಡಿ ಕೆಲಸ ಮಾಡುತ್ತಿದ್ದವರು. ಬುನಾದಿ ಹಾಕುವಾಗ ಪಾರದರ್ಶಕ ಪೈಪಿನಲ್ಲಿ ನೀರು ತುಂಬಿ ಒಂದು ತುದಿ ಅವರು ಹಿಡಿದರೆ ಇನ್ನೊಂದು ತುದಿಗೆ ಅವ್ವ ನಿಲ್ಲುತ್ತಿದ್ದಳಂತೆ. ಅಂಗಡಿಯಿಂದ ಇಪ್ಪತ್ತು ಅಡಿ ಪೈಪು ತಂದೆ. ಅವ್ವ ಸೆರಗು ಸಿಕ್ಕಿಸಿಕೊಂಡು ಒಂದು ತುದಿ ಹಿಡಿದಳು. "ಗಾಳಿ ಗುಳ್ಳಿ ಒಂದೂ ಉಳೀಬಾರ್ದು ನೋಡು. ಉಳಿದ್ರ ಮಟ್ಟ ಸುಳ್ಳ ಹೇಳತೈತಿ," ಅಂದಳು. ಉಗುರಿನಿಂದ ಪೈಪನ್ನು ಟಕಟಕ ಬಡಿದು ಗುಳ್ಳೆಗಳನ್ನು ಮೇಲಕ್ಕೆ ಅಟ್ಟಿದಳು. ನಾಲ್ಕು ಮೂಲೆಗೆ ಗೂಟ ಹೊಡೆದು, ಎರಡೂ ತುದಿಯ ನೀರು ನಿಂತ ಕಡೆ ಗೆರೆ ಎಳೆದು, ದಾರ ಕಟ್ಟಿದೆವು. ದಾರದಿಂದ ನೆಲಕ್ಕೆ ಅಳೆದಾಗ ಮೂರು ಇಂಚಿನ ತಗ್ಗು ಕಣ್ಣೆದುರಿಗೇ ಇತ್ತು.

ತಗ್ಗಿಗೆ ಮಣ್ಣು ತುಂಬಬಾರದು, ಎತ್ತರವನ್ನೇ ಕೆತ್ತಿ ಇಳಿಸಬೇಕು. ತುಂಬಿದ ಮಣ್ಣು ಐದು ಟನ್ ಭಾರ ಬಿದ್ದ ಕೂಡಲೇ ಕುಸಿಯುತ್ತದೆ. ಸಲಿಕೆ ಹಾಕಿದೆ. ಹುಲ್ಲಿನ ಪದರು ಕಿತ್ತುಬಂತು, ಅದರ ಕೆಳಗೆ ಕಂಡದ್ದು ಎರೆಮಣ್ಣು. ಅದೇ ಕಪ್ಪು, ಅದೇ ಜಿಗುಟು. ಹಸಿಯಿದ್ದರೆ ಸಲಿಕೆಗೆ ಅಂಟಿಕೊಳ್ಳುತ್ತದೆ, ಒಣಗಿದರೆ ಕಲ್ಲು. ಉತ್ತರ ಟೆಕ್ಸಸ್‌ನ ಈ ಪಟ್ಟಿಗೆ ಬ್ಲ್ಯಾಕ್‌ಲ್ಯಾಂಡ್ ಪ್ರೇರಿ ಅನ್ನುತ್ತಾರೆ. ನಮ್ಮ ಕಡೆಯಂತೆ ಇಲ್ಲೂ ಹತ್ತಿ ಬೆಳೆದು ಹೆಸರಾದ ನೆಲ. ಒಳಗಿನ ಜೇಡಿ ನೀರು ಕುಡಿದು ಉಬ್ಬುವುದು, ಬಿಸಿಲಿಗೆ ಕುಗ್ಗಿ ಬಿರಿಯುವುದು, ಎರಡೂ ಕಡೆ ಒಂದೇ ಗುಣ. ಅವ್ವ ಒಂದು ಹೆಂಟೆ ಎತ್ತಿ ಬೆರಳಲ್ಲಿ ತಿಕ್ಕಿ ಮೂಸಿದಳು. "ಇದು ನಮ್ಮ ಎರಿನೇ," ಅಂದಳು. ಒಂಬತ್ತು ಸಾವಿರ ಮೈಲಿ ದೂರ ಬಂದ ಮೇಲೆ ಅವಳ ಮುಖ ಅಷ್ಟು ಅರಳಿದ್ದು ನಾನು ನೋಡಿದ್ದು ಅದೇ ಮೊದಲು.

ಹುಲ್ಲೂ ನಮ್ಮದೇ. ಇಲ್ಲಿನ ಹಿತ್ತಲುಗಳಲ್ಲಿ ಬೆಳೆಸುವ ಬರ್ಮುಡಾ ಹುಲ್ಲು ಅಂದರೆ ಗಣಪತಿಗೆ ಏರಿಸುವ ಗರಿಕೆ. ನಡುನಡುವೆ ಜೇಕು. ಹೊಲದಲ್ಲಿ ಜೇಕು ತೆಗೆದು ಸೊಂಟ ಬಿದ್ದವರಿಗೆ ಅದರ ಗಡ್ಡೆಯ ಹಟ ಗೊತ್ತು. ಗರಿಕೆ, ಜೇಕು ಎರಡರ ಚಿಗುರೂ ಸೂಜಿಯಂತೆ ಮೇಲೆದ್ದು ಕೊಳದ ತಳದ ಹಾಳೆಯನ್ನು ತೂತು ಮಾಡಬಲ್ಲವು. ಹೀಗಾಗಿ ಹದಿನಾಲ್ಕು ಅಡಿ ಅಗಲದ ದುಂಡು ಜಾಗದಲ್ಲಿ ಬೇರುಸಹಿತ ಕಿತ್ತೆವು. ಗಡ್ಡೆಗಳನ್ನು ಅವ್ವ ಒಂದೊಂದಾಗಿ ಆರಿಸಿ ತೆಗೆದಳು, ಗರಿಕೆಯನ್ನು ಮಾತ್ರ ಒಂದು ಕುಂಡದಲ್ಲಿ ಊರಿಟ್ಟಳು.

ಕೆತ್ತಿ ತೆಗೆದ ಮಣ್ಣು ಏನಾಯಿತು ಅಂದರೆ, ಅದರ ನಂತರದ ವಾರವೇ ಮಣ್ಣೆತ್ತಿನ ಅಮಾವಾಸ್ಯೆ. ಅವ್ವ ಒಂದು ಬುಟ್ಟಿ ಮಣ್ಣನ್ನು ಬೇರೆ ಎತ್ತಿಟ್ಟಿದ್ದಳು. ನೀರು ಚಿಮುಕಿಸಿ ಹದ ಮಾಡಿ, ಮಕ್ಕಳನ್ನು ಎಡಬಲಕ್ಕೆ ಕೂರಿಸಿಕೊಂಡು ಜೋಡೆತ್ತು ಮಾಡಿದಳು. ಡುಬ್ಬ ಎತ್ತಿದಳು, ಕೊಂಬು ತೀಡಿದಳು, ಕಣ್ಣಿಗೆ ಜೋಳದ ಕಾಳು ಒತ್ತಿದಳು. ಎತ್ತಿಗೆ ಮೇವು ಹಾಕುವ ಗ್ವಾದಲಿಯನ್ನು ಮಗಳು ಮಾಡಿದಳು. ಮಗ ಒಂದು ಎತ್ತಿಗೆ ಐದು ಕಾಲು ಇಟ್ಟ. ಅವ್ವ ಅದನ್ನು ತಿದ್ದದೆ ಹಾಗೇ ಪೂಜೆಗಿಟ್ಟಳು. ಟೆಕ್ಸಸ್ ಮಣ್ಣಿನ ಎತ್ತು ಬಿರಿಯದೆ ಚೆನ್ನಾಗಿಯೇ ಒಣಗಿತು.

ಎರಡನೇ ಸಲ ನೀರು ಬಿಟ್ಟಾಗ ತಾಸಿಗೊಮ್ಮೆ ನಾಲ್ಕೂ ಬದಿಯಲ್ಲಿ ಅಳೆದೆ. ಅರ್ಧ ಇಂಚಿನ ಫರಕೂ ಬರಲಿಲ್ಲ. ತಳದ ಸುಕ್ಕುಗಳನ್ನು ಎರಡು ಇಂಚು ನೀರಿದ್ದಾಗಲೇ ಒಳಗಿಳಿದು ಕೈಯಿಂದ ಸರಿಸಬೇಕು, ಆಮೇಲೆ ಆಗುವುದಿಲ್ಲ. ಬಳೆಗೆ ಬೆಳಿಗ್ಗೆ ಬಿಗಿಯಾಗಿ ಗಾಳಿ ತುಂಬಿದರೆ ಮಧ್ಯಾಹ್ನದ ಬಿಸಿಲಿಗೆ ಒಳಗಿನ ಗಾಳಿ ಹಿಗ್ಗಿ ಹೊಲಿಗೆ ಬಿಡುತ್ತದೆ. ಬೆರಳಿಟ್ಟರೆ ತುಸು ತಗ್ಗುವಷ್ಟು ಸಾಕು.

ನೀರು ನಿಂತ ಮೇಲೆ ಅದನ್ನು ಕಾಯುವ ಕೆಲಸ ಶುರು. ಊರಿನಲ್ಲಿ ಮಳೆಗಾಲದ ರಾಡಿ ನೀರಿಗೆ ಅವ್ವ ಪಟಿಕದ ಹರಳು ತಿರುವುತ್ತಿದ್ದಳು, ಮುಂಜಾನೆಗೆ ಮಣ್ಣು ತಳ ಹಿಡಿಯುತ್ತಿತ್ತು. ಪಂಚಾಯಿತಿಯವರು ಬ್ಲೀಚಿಂಗ್ ಪೌಡರ್ ಹಾಕುತ್ತಿದ್ದರು. ಇಲ್ಲಿನ ಈಜುಕೊಳದ ಅಂಗಡಿಗೆ ಹೋದರೆ ಹೊಳೆಯುವ ಡಬ್ಬಿಗಳಲ್ಲಿ ಇರುವುದೂ ಹೆಚ್ಚುಕಡಿಮೆ ಅವೇ ಎರಡು: ಕೊಳೆ ಕೂರಿಸಲು ಅಲ್ಯೂಮಿನಿಯಂ ಸಲ್ಫೇಟ್, ಕ್ರಿಮಿ ಸಾಯಿಸಲು ಕ್ಲೋರಿನ್. ಪ್ರಮಾಣ ಮಾತ್ರ ಕಟ್ಟುನಿಟ್ಟು. ಕಾಗದದ ಪಟ್ಟಿ ಅದ್ದಿ ಬಣ್ಣ ನೋಡಿ ಕ್ಲೋರಿನ್ ಹತ್ತು ಲಕ್ಷಕ್ಕೆ ಒಂದರಿಂದ ಮೂರು ಭಾಗ, ಪಿಎಚ್ 7.2ರಿಂದ 7.8ರೊಳಗೆ ಇರುವಂತೆ ನೋಡಿಕೊಳ್ಳಬೇಕು. ಬಿಸಿಲಿಗೆ ಕ್ಲೋರಿನ್ ಬೇಗ ಆರಿಹೋಗುವುದರಿಂದ ಹೊತ್ತು ಮುಳುಗಿದ ಮೇಲೆ ಹಾಕುವುದು ಒಳ್ಳೆಯದು. ಬೇರೆ ಬೇರೆ ಜಾತಿಯ ಕ್ಲೋರಿನ್ ಪುಡಿಗಳನ್ನು ಒಂದೇ ಡಬ್ಬಿಯಲ್ಲಿ ಬೆರೆಸಲೇಬಾರದು, ಸಿಡಿಯಬಹುದು. ನಾನು ನಾಲ್ಕು ದಿನ ಆಫೀಸಿನ ಕೆಲಸದಲ್ಲಿ ಮರೆತೆ, ಐದನೇ ದಿನ ನೀರು ಪಾಚಿಗಟ್ಟಿ ಹಸಿರಾಯಿತು. ಅದನ್ನು ತಿಳಿ ಮಾಡಲು ಒಂದು ವಾರ ಹಿಡಿಯಿತು. ಆದರೂ ನೀರು ಬದಲಿಸಲಿಲ್ಲ. ಇಡೀ ಬೇಸಿಗೆ ಒಂದೇ ನೀರು.

ಇನ್ನು ಮಕ್ಕಳ ವಿಷಯ. ಇದನ್ನು ಊರಿನವರು ದಯವಿಟ್ಟು ಗಮನವಿಟ್ಟು ಓದಬೇಕು. ಅಮೆರಿಕದಲ್ಲಿ ಒಂದರಿಂದ ನಾಲ್ಕು ವರ್ಷದ ಮಕ್ಕಳು ಅತಿ ಹೆಚ್ಚು ಸಾಯುವುದು ನೀರಿನಲ್ಲಿ ಮುಳುಗಿ. ನನ್ನ ಮಗನದು ಅದೇ ವಯಸ್ಸು. ಮುಳುಗುವ ಮಗು ಕೂಗುವುದಿಲ್ಲ, ಕೈ ಬೀಸುವುದಿಲ್ಲ, ಸದ್ದಿಲ್ಲದೆ ಇಳಿದುಹೋಗುತ್ತದೆ. ಇಲ್ಲಿನ ಮಾದರಿ ಕಟ್ಟಡ ನಿಯಮದ ಪ್ರಕಾರ 24 ಇಂಚಿಗಿಂತ ಆಳದ ನೀರಿದ್ದರೆ ಸುತ್ತಲೂ ಕನಿಷ್ಠ 48 ಇಂಚಿನ ಬೇಲಿ ಇರಬೇಕು, ಗೇಟು ತಾನೇ ಮುಚ್ಚಿಕೊಂಡು ತಾನೇ ಚಿಲಕ ಬೀಳಬೇಕು. ನಮ್ಮ ಹಿತ್ತಲಿಗೆ ಆರು ಅಡಿಯ ಹಲಗೆ ಬೇಲಿ ಮೊದಲೇ ಇತ್ತು. ಮನೆಯಿಂದ ಹಿತ್ತಲಿಗೆ ಹೋಗುವ ಬಾಗಿಲಿಗೆ ಮಗನ ಕೈಗೆಟುಕದ ಎತ್ತರದಲ್ಲಿ ಇನ್ನೊಂದು ಚಿಲಕ ಹಾಕಿಸಿದೆ. ಆಟ ಮುಗಿದ ಕೂಡಲೇ ಏಣಿ ತೆಗೆದು ಗ್ಯಾರೇಜಿಗೆ ಇಡುತ್ತೇನೆ. ತೋಳಿಗೆ ಕಟ್ಟುವ ಗಾಳಿ ಚೀಲಗಳನ್ನು ನಂಬುವುದಿಲ್ಲ.

ಊರಿನ ಪತ್ರಿಕೆ ತೆರೆದರೆ ಕೃಷಿ ಹೊಂಡದಲ್ಲಿ ಮಕ್ಕಳು ಹೋದ ಸುದ್ದಿ ಮತ್ತೆ ಮತ್ತೆ ಕಾಣುತ್ತದೆ. ಬಾವಿಗೆ ಮೆಟ್ಟಿಲಿತ್ತು, ಕೆರೆಗೆ ದಂಡೆಯಿತ್ತು. ಹೊಂಡಕ್ಕೆ ಹಾಸಿದ ಪ್ಲಾಸ್ಟಿಕ್ ಹಾಳೆ ನುಣುಪು, ಪಾಚಿ ಹಿಡಿದರೆ ದೊಡ್ಡವರೂ ಮೇಲೆ ಹತ್ತಲಾರರು. ಹೊಲದಲ್ಲಿ ಹೊಂಡ ತೋಡಿಸಿದವರು ಅದೇ ದಿನ ತಂತಿಬೇಲಿಗೂ ದುಡ್ಡು ಎತ್ತಿಡಿ. ದಂಡೆಗೆ ಒಂದು ಗೂಟ ಹೂತು ಗಂಟು ಗಂಟಾದ ಹಗ್ಗ ಕಟ್ಟಿ ನೀರಿಗೆ ಇಳಿಬಿಡಿ, ಹಿಡಿದು ಮೇಲೆ ಬರಲು ಒಂದು ಆಸರೆಯಾದರೂ ಇರುತ್ತದೆ.

ನಮ್ಮ ಕೊಳಕ್ಕೆ ಕಾವಲು ಅವ್ವನೇ. ಸಂಜೆ ಆರಕ್ಕೆ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಏಣಿಯ ಪಕ್ಕ ಕೂತರೆ ಮಕ್ಕಳು ಮೈ ಒರೆಸಿಕೊಳ್ಳುವ ತನಕ ಏಳುತ್ತಿರಲಿಲ್ಲ. ಊರಿಂದ ಫೋನು ಬಂದರೂ ಎತ್ತುತ್ತಿರಲಿಲ್ಲ. ನೀರಿಗಿಳಿಯುವ ಮುಂಚೆ ಇಬ್ಬರೂ ಕಾಲು ತೊಳೆದುಕೊಳ್ಳಬೇಕು ಅನ್ನುವುದು ಅವಳು ಮಾಡಿದ ಕಾನೂನು. ಅದಕ್ಕೆಂದೇ ಒಂದು ಬೋಗುಣಿ ನೀರು ಇಡುತ್ತಿದ್ದಳು. ಅದರಿಂದ ಕೊಳದ ತಳದಲ್ಲಿ ಮಣ್ಣು ಕೂರುವುದು ನಿಜವಾಗಿಯೂ ಕಡಿಮೆಯಾಯಿತು. ಆಗಸ್ಟ್‌ನ ಒಂದು ಸಂಜೆ ಮಗಳು, "ನೀನೂ ಬಾ ಅಜ್ಜಿ," ಅಂತ ಕೈ ಎಳೆದಳು. ಅವ್ವ ಏಣಿ ಹತ್ತಿ ಬಳೆಯ ಮೇಲೆ ಕೈಯೂರಿ ಬಹಳ ಹೊತ್ತು ನಿಂತಳು. "ಬ್ಯಾಡ, ನಿಂತ ನೀರಾಗ ಕಾಲಿಟ್ಟ ರೂಢಿಲ್ಲ ನಂಗ," ಅಂದು ಬಗ್ಗಿ ಎರಡು ಬೊಗಸೆ ನೀರು ಮುಖಕ್ಕೆ ಹಾಕಿಕೊಂಡು ಇಳಿದಳು. ನಾನು ಒತ್ತಾಯ ಮಾಡಲಿಲ್ಲ.

ಆ ಹೊತ್ತಿಗೆ ಹಿತ್ತಲಿನ ಎರೆ ಬಿರಿದು, ಸಂದಿಯಲ್ಲಿ ಅಂಗೈ ಇಳಿಯುವಷ್ಟಾಗಿತ್ತು. ಇಲ್ಲಿ ಬೇಸಿಗೆಯಲ್ಲಿ ಮನೆಯ ಬುನಾದಿಯ ಸುತ್ತ ಜಿನುಗು ಪೈಪು ಹಾಸಿ ನೀರುಣಿಸುತ್ತಾರೆ. ಮಣ್ಣು ಒಂದು ಕಡೆ ಕುಗ್ಗಿ ಇನ್ನೊಂದು ಕಡೆ ಉಬ್ಬಿದರೆ ಬುನಾದಿ ಮುರಿದು ಗೋಡೆ ಸೀಳುತ್ತದೆ. "ಮನಿಗೂ ನೀರು ಕುಡಸ್ತೀರೇನೋ?" ಅಂತ ಅವ್ವ ಮೊದಲು ಬೆರಗಾಗಿದ್ದಳು. ಸೆಪ್ಟೆಂಬರ್ ಕೊನೆಗೆ, ಅವಳು ಊರಿಗೆ ಹೊರಡಲು ಹತ್ತು ದಿನವಿದ್ದಾಗ, ಕೊಳ ಖಾಲಿ ಮಾಡುವ ಪ್ರಶ್ನೆ ಬಂದಾಗ ಉತ್ತರ ಅಲ್ಲೇ ಇತ್ತು. ಕ್ಲೋರಿನ್ ಹಾಕುವುದನ್ನು ನಿಲ್ಲಿಸಿ ಒಂದು ವಾರ ನೀರನ್ನು ಬಿಸಿಲಿಗೆ ಬಿಟ್ಟೆ. ಕಾಗದದ ಪಟ್ಟಿ ಬಣ್ಣ ಬದಲಿಸುವುದನ್ನು ಬಿಟ್ಟ ಮೇಲೆ ಪೈಪ್ ಹಚ್ಚಿ ಮನೆಯ ಸುತ್ತ ಹಾಯಿಸಿದೆ. ಬಿರುಕುಗಳು ಗಟಗಟ ಕುಡಿದವು. ಎರಡು ದಿನ ನಿಧಾನವಾಗಿ, ಒಂದು ಹನಿಯೂ ಓಣಿಗೆ ಹೋಗದಂತೆ ಸರದಿಯಲ್ಲಿ ಬಿಟ್ಟೆವು.

ಕೊನೆಗೆ ಪೈಪಿಗೆ ಸಿಗದ ಮೂರು ಇಂಚು ನೀರು ತಳದಲ್ಲಿ ಉಳಿಯಿತು. ಮಕ್ಕಳು ಚಡ್ಡಿಯಲ್ಲೇ ಇಳಿದು ಸಣ್ಣ ಬಕೆಟ್‌ಗಳಲ್ಲಿ ಮೊಗೆದು ಕೊಟ್ಟರು. ಅವ್ವ ಒಂದೊಂದನ್ನೂ ಕರಿಬೇವಿಗೆ, ಮೆಣಸಿನ ಗಿಡಕ್ಕೆ, ಆ ಗರಿಕೆಯ ಕುಂಡಕ್ಕೆ ಸುರಿಯುತ್ತ, ಕಣದಲ್ಲಿ ರಾಶಿ ಅಳೆಯುವಾಗ ಎಣಿಸುವಂತೆ ಗಟ್ಟಿಯಾಗಿ ಎಣಿಸಿದಳು: "ಲಾಭ, ಎರಡು, ಮೂರು, ನಾಕು..."