ಕಥೆಯ ಗಂಟು ಕೇಳುವವರ ಕೈಯಲ್ಲಿ ಯಾಕಿದೆ?

ನಾನು ಬರೆಯುತ್ತಿರುವ ಕಥೆಗಳಲ್ಲಿ ಒಂದು ಊರಿದೆ. ಅಲ್ಲಿ ಬಾವಿಯಲ್ಲಿ ನೀರು ನಿಲ್ಲುವುದು, ಗಡಿಕಲ್ಲು ಕದಲದೆ ಇರುವುದು, ತೀರಿಹೋದವರ ಹೆಸರು ಮನೆಯವರಿಗೆ ನೆನಪಿರುವುದು, ಎಲ್ಲವೂ ಕಥೆಗಳ ಬಲದಿಂದ. ಒಂದು ಕಥೆ ನಿಂತುಹೋದರೆ ಅದಕ್ಕೆ ಕಟ್ಟಿದ ಗಂಟು ಬಿಚ್ಚಿಕೊಳ್ಳುತ್ತದೆ, ಬಾವಿ ಬತ್ತುತ್ತದೆ. ಓದಿದವರು ಇಷ್ಟನ್ನು ತಕರಾರಿಲ್ಲದೆ ಒಪ್ಪುತ್ತಾರೆ. ಆದರೆ ಆ ಊರಿನಲ್ಲಿ ಗಂಟು ಹಾಕುವ ಶಕ್ತಿ ಕಥೆ ಹೇಳುವವರಿಗಿಲ್ಲ. ಎದುರು ಕುಳಿತು ಹೂಂಗುಟ್ಟುವವರಿಗಿದೆ. ಅವರನ್ನು ನಾನು ಕಿವಿಗಾರರು ಎಂದು ಕರೆದಿದ್ದೇನೆ. ಹೇಳುವವರಿಗಿಲ್ಲದ ಶಕ್ತಿ ಸುಮ್ಮನೆ ಕೇಳುವವರಿಗೆ ಹೇಗೆ ಬಂತು ಎಂಬುದು ಭೇಟಿಯಾದವರೆಲ್ಲ ಕೇಳುವ ಪ್ರಶ್ನೆ.

ಅದು ಬಂದದ್ದು ಚೌತಿಯ ದಿನ ನನ್ನ ಅಂಗೈಯಲ್ಲಿದ್ದ ಅಕ್ಷತೆಯಿಂದ. ಪೂಜೆ ಮುಗಿದ ಮೇಲೆ ಹಿರಿಯರೊಬ್ಬರು ಕಥೆ ಓದಲು ಕೂರುತ್ತಿದ್ದರು. ಅದಕ್ಕೆ ಮುಂಚೆ ಅಜ್ಜಿ ಎಲ್ಲರ ಕೈಗೂ ನಾಲ್ಕು ಕಾಳು ಅಕ್ಷತೆ, ಒಂದು ಹೂವು ಹಾಕುತ್ತಿದ್ದಳು. ಕಥೆ ಮುಗಿಯುವವರೆಗೆ ಕೆಳಗಿಡುವಂತಿಲ್ಲ. ಮುಷ್ಟಿಯೊಳಗೆ ಬೆವರಿಗೆ ಅರಿಶಿನ ಬಿಟ್ಟುಕೊಂಡು ಗೆರೆಗಳೆಲ್ಲ ಹಳದಿಯಾಗುತ್ತಿದ್ದವು. ಓದುವವರ ಕೈಯಲ್ಲಿ ಪುಸ್ತಕ, ನಮ್ಮ ಕೈಯಲ್ಲಿ ಅಕ್ಕಿ. ಕಥೆ ಯಾರ ಕೈಯಲ್ಲಿ ಇದೆ ಎಂಬ ಬಗ್ಗೆ ನನಗೆ ಆಗಲೇ ಸಂಶಯವಿರಲಿಲ್ಲ.

ಓದುತ್ತಿದ್ದ ಕಥೆಯೂ ಅಂಥದ್ದೇ. ಭಾದ್ರಪದ ಶುಕ್ಲ ಚೌತಿಯ ಚಂದ್ರನನ್ನು ಕಂಡವರಿಗೆ ಮಾಡದ ತಪ್ಪಿನ ಅಪವಾದ ಬರುತ್ತದೆ, ಶಮಂತಕ ಮಣಿಯ ಕಥೆ ಕೇಳಿದರೆ ಅದು ಕಳೆಯುತ್ತದೆ ಎಂಬುದು ನಂಬಿಕೆ. ಸತ್ರಾಜಿತನ ಮಣಿಯನ್ನು ಕೊರಳಿಗೆ ಹಾಕಿಕೊಂಡು ಬೇಟೆಗೆ ಹೋದ ತಮ್ಮ ಪ್ರಸೇನ ಮರಳಲಿಲ್ಲ. ಕೃಷ್ಣನೇ ಕೊಂದಿರಬೇಕು ಎಂದು ದ್ವಾರಕೆಯ ಜನ ಆಡಿಕೊಂಡರು. ಕೃಷ್ಣ ಹೆಜ್ಜೆ ಹಿಡಿದು ಕಾಡಿಗೆ ಹೋದ, ಗುಹೆಯೊಂದನ್ನು ಹೊಕ್ಕ. ಒಳಗೆ ದಾದಿಯೊಬ್ಬಳು ಮಗುವನ್ನು ಸಮಾಧಾನ ಮಾಡುತ್ತಿದ್ದಳು: ಸಿಂಹ ಪ್ರಸೇನನನ್ನು ಕೊಂದಿತು, ಜಾಂಬವಂತ ಸಿಂಹವನ್ನು ಕೊಂದ, ಅಳಬೇಡ ಕಂದ, ಶಮಂತಕ ಈಗ ನಿನ್ನದು. ವಿಷ್ಣುಪುರಾಣದಲ್ಲಿ ಇದು ಎರಡೇ ಸಾಲಿನ ಶ್ಲೋಕ. ಆಮೇಲೆ ಜಾಂಬವಂತನೊಡನೆ ಇಪ್ಪತ್ತೆಂಟು ದಿನ ಹೋರಾಡಿದ ಎಂದು ಭಾಗವತ ಹೇಳುತ್ತದೆ. ಆ ಕಾಳಗ ನನ್ನನ್ನು ಎಂದೂ ಅಷ್ಟಾಗಿ ಸೆಳೆದಿಲ್ಲ. ನನ್ನ ಮನಸ್ಸು ಆ ದಾದಿಯ ಬಳಿಯೇ ನಿಲ್ಲುತ್ತದೆ. ಇಡೀ ದ್ವಾರಕೆಗೆ ಗೊತ್ತಿಲ್ಲದ ನಿಜ ಅವಳ ಬಾಯಲ್ಲಿತ್ತು. ದಿನವೂ ಅದನ್ನೇ ಹೇಳಿ ಮಗುವನ್ನು ರಮಿಸಿರಬಹುದು. ಆದರೂ ಅಪವಾದ ಹಾಗೆಯೇ ಇತ್ತು, ಗುಹೆಯ ಬಾಗಿಲಲ್ಲಿ ಒಬ್ಬನ ಕಿವಿಗೆ ಅದು ಬೀಳುವವರೆಗೆ.

ಕನ್ನಡದ ಜನಪದ ಕಥೆಯೊಂದು ಇದರ ಪಕ್ಕದಲ್ಲೇ ಕೂರುತ್ತದೆ. ಒಬ್ಬಳಿಗೆ ಒಂದು ಕಥೆ, ಒಂದು ಹಾಡು ಗೊತ್ತಿದ್ದವು. ಯಾರಿಗೂ ಹೇಳಲಿಲ್ಲ. ಒಳಗೆ ಉಸಿರುಕಟ್ಟಿದ ಅವು, ಅವಳು ಬಾಯಿ ತೆರೆದು ಮಲಗಿದ್ದಾಗ ಹೊರಬಿದ್ದವು. ಕಥೆ ಗಂಡಸಿನ ಜೋಡಿ ಚಪ್ಪಲಿಯಾಯಿತು, ಹಾಡು ಅಂಗಿಯಾಗಿ ಗೂಟದಲ್ಲಿ ತೂಗಿತು. ಗಂಡನಿಗೆ ಸಂಶಯ. ಜಗಳವಾಡಿ ಹನುಮಂತನ ಗುಡಿಗೆ ಹೋಗಿ ಮಲಗಿದ. ಮನೆಮನೆಯ ದೀಪಗಳು ಆರಿದ ಮೇಲೆ ಆ ಗುಡಿಗೆ ಬಂದು ಸೇರುತ್ತಿದ್ದವು. ಅವು ಆಡಿದ ಮಾತಿನಿಂದ ಅವನಿಗೆ ನಿಜ ತಿಳಿಯಿತು. ಮನೆಗೆ ಬಂದು ಹೆಂಡತಿಯನ್ನು ಕೇಳಿದರೆ ಅವಳಿಗೆ ಕಥೆಯೂ ಮರೆತುಹೋಗಿತ್ತು, ಹಾಡೂ ಮರೆತುಹೋಗಿತ್ತು.

ಎರಡೂ ಕಡೆ ಸುಳ್ಳು ಸಂಶಯ, ಎರಡೂ ಕಡೆ ಕದ್ದುಕೇಳಿದ ಮಾತು. ಕಥೆಗೆ ಕಿವಿ ಸಿಗದಿದ್ದರೆ ಅದು ಚಪ್ಪಲಿಯಾಗಿ ಹೊಸ್ತಿಲ ಬಳಿ ಬಂದು ಕೂರುತ್ತದೆ ಎಂಬುದೇ ನನ್ನ ಊರಿನ ಮೊದಲ ಕಟ್ಟಳೆಯಾಯಿತು.

ಮಹಾಭಾರತ ನಮಗೆ ತಲುಪಿದ ದಾರಿಯನ್ನೇ ನೋಡಿ. ಜನಮೇಜಯನ ಸರ್ಪಯಾಗದಲ್ಲಿ ಹೇಳಿದವರು ವೈಶಂಪಾಯನರು. ಅಲ್ಲಿ ಕುಳಿತು ಕೇಳಿ ಎದ್ದುಬಂದ ಉಗ್ರಶ್ರವ ಅದನ್ನು ನೈಮಿಷಾರಣ್ಯದಲ್ಲಿ ಶೌನಕಾದಿಗಳಿಗೆ ಹೇಳಿದ.

ಮಳೆ ಕೈಕೊಟ್ಟ ವರ್ಷ ನಮ್ಮ ಕಡೆ ವಿರಾಟಪರ್ವ ಓದಿಸುವ ರೂಢಿಯಿದೆ. ಗಮಕಿ ಕುಮಾರವ್ಯಾಸನ ಷಟ್ಪದಿ ಹಾಡುತ್ತಾರೆ, ಇನ್ನೊಬ್ಬರು ಅರ್ಥ ಹೇಳುತ್ತಾರೆ, ಊರು ಕೇಳುತ್ತದೆ. ಆ ಪರ್ವದಲ್ಲೇ ಭೀಷ್ಮರ ಮಾತೊಂದಿದೆ: ಧರ್ಮರಾಯ ಎಲ್ಲಿ ಅಡಗಿದ್ದಾನೋ ಆ ನಾಡಿನಲ್ಲಿ ಕಾಲಕಾಲಕ್ಕೆ ಮಳೆಯಾಗುತ್ತಿರುತ್ತದೆ. ಇದನ್ನು ನಾನು ಹೀಗೆ ಓದಿಕೊಳ್ಳುತ್ತೇನೆ. ಕೇಳುತ್ತಾ ಕುಳಿತಷ್ಟು ಹೊತ್ತು ನಮ್ಮ ಊರೇ ವಿರಾಟನ ಪಟ್ಟಣ. ಕಂಕಭಟ್ಟನ ವೇಷದ ಧರ್ಮರಾಯ ಇಲ್ಲೇ ಯಾರದೋ ಜಗಲಿಯಲ್ಲಿದ್ದಾನೆ. ಇನ್ನು ಮೋಡಕ್ಕೆ ಬಾರದೆ ವಿಧಿಯಿಲ್ಲ. ಗಮಕಿ ಒಬ್ಬರೇ ಖಾಲಿ ಗುಡಿಯಲ್ಲಿ ಹಾಡಿದರೆ ಇದು ಆಗುವಂಥದ್ದಲ್ಲ, ಊರನ್ನು ವಿರಾಟನಗರ ಮಾಡಲು ಊರಿನವರೇ ಕೂರಬೇಕು.

ಹಾಗಾದರೆ ಹೂಂ ಎನ್ನುವುದು ಅಷ್ಟು ಸುಲಭದ ಕೆಲಸವೇ ಎಂದು ಕೆಲವರು ಮತ್ತೆ ಕೇಳುತ್ತಾರೆ. ಅದು ಎಷ್ಟು ಕಷ್ಟ ಎಂದು ನನಗೆ ಕಲಿಸಿದವಳೂ ಅಜ್ಜಿಯೇ. ರಾತ್ರಿ ಕಥೆ ಹೇಳುವಾಗ ನಮ್ಮ ಹೂಂ ನಿಧಾನವಾದದ್ದು ಅವಳಿಗೆ ತಿಳಿಯುತ್ತಿತ್ತು. ಆಗ ಅದೇ ದನಿಯಲ್ಲಿ, ಒಂದು ಚೂರೂ ಬದಲಿಸದೆ, "ಆಮೇಲೆ ಆನೆ ಹುಣಿಸೆಮರ ಹತ್ತಿತು" ಎನ್ನುತ್ತಿದ್ದಳು. ನಿದ್ದೆಗಣ್ಣಿನಲ್ಲಿ ಯಾರಾದರೂ ಹೂಂ ಎಂದರೆ ಆ ರಾತ್ರಿಯ ಕಥೆ ಅಲ್ಲಿಗೇ ನಿಲ್ಲುತ್ತಿತ್ತು, ರಾಜಕುಮಾರಿ ಬೆಟ್ಟದ ಮೇಲೆಯೇ ಉಳಿಯುತ್ತಿದ್ದಳು.

ಈಗ ಬರೆಯುತ್ತಿರುವ ಕಥೆಯಲ್ಲಿ ಒಬ್ಬ ಮುದಿ ಕಿವಿಗಾರ ತೂಕಡಿಸಿ ಹೂಂ ಎಂದುಬಿಟ್ಟಿದ್ದಾನೆ. ಬೆಳಗ್ಗೆ ಊರು ಎದ್ದು ನೋಡಿದರೆ ಹುಣಿಸೆಮರದ ತುದಿಯಲ್ಲಿ ಆನೆ. ಕೊಂಬೆಗಳು ಬಾಗಿವೆ, ಅದು ಹೆದರಿ ಘೀಳಿಡುತ್ತಿದೆ, ಏಣಿ ಹಗ್ಗ ತಂದವರು ಕೆಳಗೆ ಗುಂಪಾಗಿ ನಿಂತಿದ್ದಾರೆ. ಕಥೆ ಹೇಳಿದ ಮುದುಕಿ ಯಾರ ಮಾತನ್ನೂ ಕಿವಿಗೆ ಹಾಕಿಕೊಳ್ಳದೆ ಜಗಲಿಯಲ್ಲಿ ಕುಳಿತು ಮೊದಲಿನಿಂದ ಶುರು ಮಾಡುತ್ತಾಳೆ. ಎದುರಿಗೆ ಎಂಟು ವರ್ಷದ ಹುಡುಗಿಯೊಬ್ಬಳು ಅಕ್ಷತೆ ಹಿಡಿದು ಕುಳಿತಿದ್ದಾಳೆ. ಹೂಂ, ಹೂಂ ಎನ್ನುತ್ತಾ ಬಂದವಳು ಆ ಮಾತು ಬಂದ ಕೂಡಲೇ ಮುಷ್ಟಿ ಬಿಗಿಮಾಡಿ, "ಇಲ್ಲ ಅಜ್ಜಿ, ಹತ್ತಲಿಲ್ಲ" ಎನ್ನುತ್ತಾಳೆ.